ಲೇಟೆಕ್: ಫಿಗರ್ ನಂಬರ್ ಜಾಗದಲ್ಲಿ ?? ಬರ್ತಿದೆ, ಒಂದು ಕಡೆ ನಂಬರೇ ತಪ್ಪು

ಥೀಸಿಸ್_ಪೀಡಿತ:
ನಮಸ್ಕಾರ, ಎಂಟೆಕ್ ಥೀಸಿಸ್ ಲೇಟೆಕ್‌ನಲ್ಲಿ (ಕಮಾಂಡ್ ಬರೆದು ಪಿಡಿಎಫ್ ತೆಗೆಯೋ ಸಾಫ್ಟ್‌ವೇರ್) ಮಾಡ್ತಿದೀನಿ, ಪಿಡಿಎಫ್ ತೆಗೆದ್ರೆ ಹೊಸದಾಗಿ ಸೇರಿಸಿದ ಚಿತ್ರಕ್ಕೆ "ಫಿಗರ್ ??" ಅಂತ ಬರ್ತಿದೆ. ಇನ್ನೊಂದು ಚಿತ್ರದ ಕೆಳಗೆ 3.1 ಅಂತ ಸರಿಯಾಗೇ ಇದೆ, ಆದ್ರೆ ಪಠ್ಯದಲ್ಲಿ ರೆಫ್ (ಚಿತ್ರದ ನಂಬರನ್ನ ತಾನೇ ತರೋ ಕಮಾಂಡ್) ಹಾಕಿದ ಕಡೆ 3.2 ಅಂತ ಬರತ್ತೆ, 3.2 ಅನ್ನೋ ಚಿತ್ರಾನೇ ಇಲ್ಲ ಆ ಚಾಪ್ಟರಲ್ಲಿ! ಸೋಮವಾರ ಗೈಡ್‌ಗೆ ಕೊಡ್ಬೇಕು, ಕೈಯಲ್ಲೇ ನಂಬರ್ ಟೈಪ್ ಮಾಡ್ಬಿಡ್ಲಾ?

ಬ್ಯಾಕ್‌ಸ್ಲ್ಯಾಶ್:
ಕೈಯಲ್ಲಿ ಮಾತ್ರ ಹಾಕ್ಬೇಡಿ, ಗೈಡು ಮಧ್ಯೆ ಇನ್ನೊಂದು ಚಿತ್ರ ಸೇರಿಸಿ ಅಂದ್ರೆ ಮುಗೀತು ಕಥೆ. ಇವು ಎರಡೂ ಬೇರೆ ಬೇರೆ ತೊಂದರೆ.

ಟೆಕ್ (ಲೇಟೆಕ್ ಒಳಗಿನ ಎಂಜಿನ್) ನಿಮ್ಮ ಫೈಲನ್ನ ಮೇಲಿಂದ ಕೆಳಗೆ ಓದ್ತಾ ಪುಟ ಕಟ್ಕೊಂಡು ಹೋಗತ್ತೆ, ಕಟ್ಟಿದ ಪುಟಕ್ಕೆ ವಾಪಸ್ ಬರಲ್ಲ. 5ನೇ ಪುಟದಲ್ಲಿ ರೆಫ್ ಸಿಕ್ಕಾಗ 9ನೇ ಪುಟದ ಚಿತ್ರಕ್ಕೆ ಇನ್ನೂ ನಂಬರೇ ಬಿದ್ದಿರಲ್ಲ. ಅದಕ್ಕೆ ಲೇಬಲ್ (ಚಿತ್ರಕ್ಕೆ ನೀವು ಕೊಡೋ ಗುರುತಿನ ಹೆಸರು, ರೆಫ್ ಇದನ್ನೇ ಹುಡುಕೋದು) ಸಿಕ್ಕಾಗೆಲ್ಲ ನಂಬರು, ಪುಟ ಎರಡನ್ನೂ ಆಕ್ಸ್ ಅನ್ನೋ ಸಹಾಯಕ ಫೈಲಲ್ಲಿ ಬರೆದಿಟ್ಟು ಮುಂದಿನ ಸಲ ಕಂಪೈಲ್ ಮಾಡುವಾಗ (ಪಿಡಿಎಫ್ ತೆಗೆಯುವಾಗ) ಮೊದಲು ಅದನ್ನ ಓದ್ಕೊಳ್ಳತ್ತೆ. ಅಂದ್ರೆ ನೀವು ನೋಡ್ತಿರೋ ರೆಫ್ ನಂಬರು ಯಾವಾಗ್ಲೂ ಹಿಂದಿನ ಸಲದ್ದು! ಇನ್ನೊಂದು ಸಲ ಓಡಿಸಿ, ಆಮೇಲೂ ?? ಇದ್ರೆ ಲೇಬಲ್ ಹೆಸರಿನ ಸ್ಪೆಲಿಂಗ್ ನೋಡಿ, ಕ್ಯಾಪಿಟಲ್ ಸ್ಮಾಲ್ ಬೇರೆ ಬೇರೆ ಲೆಕ್ಕ.

ಇನ್ನು 3.2. ಫೈಲಲ್ಲಿ ಲೇಬಲ್ಲು ಕ್ಯಾಪ್ಶನ್‌ಗಿಂತ (ಚಿತ್ರದ ಶೀರ್ಷಿಕೆ ಕೊಡೋ ಕಮಾಂಡ್) ಮೇಲಿದ್ಯಾ ನೋಡಿ. ತಾನು ಯಾವ ಚಿತ್ರದ್ದು ಅಂತ ಲೇಬಲ್‌ಗೆ ಏನೂ ಗೊತ್ತಿರಲ್ಲ, ಕೊನೆಗೆ ಏರಿದ ನಂಬರ್ ಯಾವುದೋ ಅದನ್ನ ಹಿಡ್ಕೊಳ್ಳತ್ತೆ ಅಷ್ಟೆ, ಫಿಗರ್ ನಂಬರ್ ಏರಿಸೋದು ಚಿತ್ರ ಶುರು ಮಾಡೋ ಬಿಗಿನ್ ಫಿಗರ್ ಅಲ್ಲ, ಕ್ಯಾಪ್ಶನ್. ಮುಂಚೇನೇ ಹಾಕಿದ್ರೆ ಸೆಕ್ಷನ್ ನಂಬರ್ ಸಿಗತ್ತೆ, ನಿಮ್ಮ 3.2 ಅದೇ ಇರ್ಬೇಕು. ಇದಕ್ಕೆ ಎರರೂ ಇಲ್ಲ ವಾರ್ನಿಂಗೂ ಇಲ್ಲ, ನನ್ನ ಕೇಳಿದ್ರೆ ??ಗಿಂತ ಇದೇ ಡೇಂಜರ್, ಅದಾದ್ರೂ ಕಣ್ಣಿಗೆ ಬೀಳತ್ತೆ.

ಥೀಸಿಸ್_ಪೀಡಿತ:
ಹೌದು ಸರ್, ಮೇಲಿತ್ತು! ಕೆಳಗೆ ಹಾಕಿ ಎರಡು ಸಲ ಓಡಿಸಿದೆ, ಎರಡೂ ಸರಿ ಆಯ್ತು. ಎರಡು ಸಲ ಯಾವಾಗ್ಲೂ ಸಾಕಾ?

ಮೂರನೇ_ರನ್:
ಸಾಲಲ್ಲ. ಪರಿವಿಡಿ ಮೊದಲ ಸಲ ಖಾಲಿ ಇರತ್ತೆ, ಎರಡನೇ ಸಲ ತುಂಬ್ಕೊಂಡು ಮುಂದಿನ ಪುಟಗಳನ್ನೆಲ್ಲ ತಳ್ಳತ್ತೆ, ಆಗ ಅದರಲ್ಲಿರೋ ಪುಟದ ನಂಬರ್ ತಪ್ಪಾಗತ್ತೆ, ಮೂರನೇ ಸಲ ಬೇಕು. ಲಾಗಲ್ಲಿ (ಕಂಪೈಲ್ ಆದಾಗ ಬರೋ ವರದಿ) ಲೇಬಲ್ಸ್ ಮೇ ಹ್ಯಾವ್ ಚೇಂಜ್ಡ್ (ಲೇಬಲ್ ಬದಲಾಗಿರಬಹುದು) ಅನ್ನೋದು ಹೋಗೋ ತನಕ ಓಡಿಸಿ, ಇಲ್ಲಾಂದ್ರೆ ಬೇಕಾದಷ್ಟು ಸಲ ತಾನೇ ಓಡಿಸೋ ಲೇಟೆಕ್‌ಎಂಕೆ ಅನ್ನೋ ಟೂಲ್ ಹಾಕ್ಕೊಳ್ಳಿ, ಅದೇ ನೋಡ್ಕೊಳ್ಳತ್ತೆ.

ಎಷ್ಟು ಓಡಿಸಿದ್ರೂ ನಿಲ್ಲದೇ ಇರೋ ಕೇಸೂ ಇದೆ, ಅಪರೂಪಕ್ಕೆ. ಪೇಜ್‌ರೆಫ್ (ಪುಟದ ನಂಬರ್ ತರೋ ಕಮಾಂಡ್) ಹಾಕಿದಾಗ "ಪುಟ 99" ಅಂತ ಅಚ್ಚಾದ್ರೆ ಆ ವಿಷಯ 100ಕ್ಕೆ ಜಾರತ್ತೆ, "ಪುಟ 100" ಅಂತ ಅಚ್ಚಾದ್ರೆ ಸಾಲು ಬೇರೆ ಕಡೆ ಮುರಿದು ವಾಪಸ್ 99ಕ್ಕೆ ಬರತ್ತೆ. ತರ್ಕಶಾಸ್ತ್ರದಲ್ಲಿ "ಈ ವಾಕ್ಯ ಸುಳ್ಳು" ಅನ್ನೋ ವಾಕ್ಯ ಬರತ್ತಲ್ಲ, ನಿಜ ಅಂದ್ರೆ ಸುಳ್ಳು, ಸುಳ್ಳು ಅಂದ್ರೆ ನಿಜ, ಅದೇ ಗೋಳು. ಲೇಟೆಕ್‌ಎಂಕೆ ಇಂಥದ್ದಕ್ಕೆ ಮಿತಿ ಇಟ್ಕೊಂಡಿದೆ, ಅಷ್ಟು ಸಲ ಆದ್ಮೇಲೆ ಕೈ ಬಿಡತ್ತೆ. ಆ ಪ್ಯಾರಾದಲ್ಲಿ ಒಂದು ಪದ ಬದಲಾಯಿಸಿದ್ರೆ ಸಾಮಾನ್ಯವಾಗಿ ಬಿಡುಗಡೆ.

ಥೀಸಿಸ್_ಪೀಡಿತ:
ಲಾಗಲ್ಲಿ ಈಗ ಮಲ್ಟಿಪ್ಲೈ ಡಿಫೈನ್ಡ್ ಅಂತ ಒಂದು ಉಳಿದಿದೆ, ಬಿಟ್ರೆ ನಡೆಯತ್ತಾ?

ಬ್ಯಾಕ್‌ಸ್ಲ್ಯಾಶ್:
ಬಿಡ್ಬೇಡಿ. ಎಲ್ಲೋ ಚಿತ್ರ ಕಾಪಿ ಪೇಸ್ಟ್ ಆಗಿ ಒಂದೇ ಲೇಬಲ್ ಎರಡು ಕಡೆ ಇದೆ, ಕೊನೇದೇ ಗೆಲ್ಲತ್ತೆ, ಮೊದಲ್ನೇದಕ್ಕೆ ಹಾಕಿದ ರೆಫ್ ಎಲ್ಲ ಎರಡನೇದನ್ನ ತೋರಿಸ್ತಾ ಕೂರತ್ತೆ. ಲೇಬಲ್ ಹೆಸರು ಆ ವಾರ್ನಿಂಗಲ್ಲೇ ಇರತ್ತೆ, ಫೈಲಲ್ಲಿ ಹುಡುಕಿ ಒಂದನ್ನ ಬದಲಾಯಿಸಿ.