ಸಹಾಯ ಬೇಕು: ಹಳೆಯ ಇಂಗ್ಲಿಷ್ ಕೀರ್ತನೆಗಳ ಪದ ಬದಲಿಸಬಹುದಾ?

ಎಲ್ಲರಿಗೂ ನಮಸ್ಕಾರ. ಇಂಗ್ಲಿಷ್ ಕಲಿಯುತ್ತಿರುವ ಕೆಲವು ದೊಡ್ಡವರಿಗೆ ಪಾಠ ಹೇಳುತ್ತಿದ್ದೇನೆ. ಡಿಕನ್ಸ್ 1843ರಲ್ಲಿ ಬರೆದ 'ಎ ಕ್ರಿಸ್ಮಸ್ ಕ್ಯಾರಲ್' ಕತೆಯನ್ನು ಸರಳ ಮಾಡಿದ ಪುಸ್ತಕದಿಂದ ಓದಿಸಿದೆ. ಜಿಪುಣ ಸ್ಕ್ರೂಜ್ ಎಲ್ಲರಿಗೂ ಹಿಡಿಸಿದ. ಅದೇ ಹುರುಪಿನಲ್ಲಿ ಹಳೆಯ ಕ್ರೈಸ್ತ ಕೀರ್ತನೆಗಳನ್ನೂ ಕೈಗೆ ಕೊಟ್ಟೆ. ಅಲ್ಲೇ ಸಿಕ್ಕಿಬಿದ್ದೆ.

ಕೀರ್ತನೆ ತುಂಬಾ 'ದೌ' (thou), 'ದೀ' (thee, ಅಂದರೆ 'ನಿನ್ನನ್ನು'), 'ಹ್ಯಾತ್' (hath, ಈಗಿನ 'ಹ್ಯಾಸ್') ಥರದ ಹಳೆಯ ಪದಗಳು. ಸರಳ ಕತೆಯಲ್ಲಿ ಇವು ಒಂದೂ ಇರಲಿಲ್ಲ. ದೇವರಿಗೆ ಹೇಳೋದಲ್ವಾ, 'ದೌ' ಅಂದರೆ ಬಹುವಚನ ಕೊಟ್ಟ ಹಾಗೆ ಅಂದುಕೊಂಡರು. ಅಸಲಿಗೆ ಅದು ನಮ್ಮ 'ನೀನು'. ನಾವೂ ದೇವರನ್ನು 'ನೀನು' ಅಂತಲೇ ಕರೆಯುತ್ತೇವಲ್ಲ ಅಂದಾಗ ತಟ್ಟನೆ ಹೊಳೆಯಿತು.

ಆದರೆ ಹಾಡುವಾಗ ಮತ್ತೆ ತಡವರಿಕೆ. ಪದ ಬದಲಿಸಿ ನೋಡಿದೆ. 'ಹ್ಯಾತ್' ಜಾಗದಲ್ಲಿ 'ಹ್ಯಾಸ್' ಸಲೀಸಾಗಿ ಕೂತಿತು. 'ದೀ' ತೆಗೆದು 'ಯೂ' ಹಾಕಿದರೆ ರಾಗಕ್ಕೇನೂ ತೊಂದರೆಯಿಲ್ಲ, 'ಮೀ' ಜೊತೆಗಿನ ಪ್ರಾಸ ಮಾತ್ರ ಹೋಯಿತು. ಎಷ್ಟೋ ಕೀರ್ತನೆಗಳ ಸಾಲು 8, 6, 8, 6 ಉಚ್ಚಾರಾಂಶಗಳ ಲೆಕ್ಕದಲ್ಲಿರುತ್ತವೆ, ಒಂದು ಪದ ಜಾಸ್ತಿ ಸೇರಿಸಲೂ ಜಾಗವಿಲ್ಲ. ಕೊನೆಗೆ ಅರ್ಥವನ್ನು ಗದ್ಯದಲ್ಲಿ ಬರೆದುಕೊಟ್ಟೆ. ಅದನ್ನು ಓದಿಕೊಂಡು ಹಾಡನ್ನೇ ಬಿಟ್ಟುಬಿಟ್ಟರು!

ಇಂಥ ಪಾಠ ಮಾಡಿದವರು ದಯವಿಟ್ಟು ಹೇಳಿ. ಮೂಲ ಪದಗಳನ್ನೇ ಉಳಿಸಿಕೊಂಡು, ಹಾಡುವ ಮೊದಲು ಹಳೆಯ ಪದಗಳನ್ನು ಕಲಿಸಬೇಕಾ? ಅಥವಾ ಪ್ರಾಸ ಹೋದರೂ ಪರವಾಗಿಲ್ಲ ಅಂತ ಇಂದಿನ ಪದ ಹಾಕಿ ಹಾಡಿಸಬೇಕಾ? ನಿಮ್ಮಲ್ಲಿ ಯಾವುದು ಕೆಲಸ ಮಾಡಿತು?