ಅಪ್‌ಡೇಟ್: ನಮ್ಮೂರ ಗುಡಿ ಕೇಸು ಕೊನೆಗೂ ರಾಜಿ ಆಯ್ತು

ಜಾತ್ರೇಲಿ ಮೊದಲ ಪೂಜೆ ಯಾರ್ದು ಅಂತ ಮೇಲಿನ ಕೇರಿ, ಕೆಳಗಿನ ಕೇರಿ ಮಧ್ಯೆ ಇದ್ದ ಕೇಸಿಗೆ ರಾಜಿ ಪತ್ರ ಕೊಟ್ರೂ ಜಡ್ಜ್ ಯಾಕೆ ತಗೊಳ್ತಿಲ್ಲ ಅಂತ ಹಿಂದೆ ಇಲ್ಲಿ ಕೇಳಿದ್ದೆ, ನಿನ್ನೆ ರಾಜಿ ಪ್ರಕಾರ ಡಿಕ್ರಿ (ಕೋರ್ಟಿನ ಅಂತಿಮ ಆದೇಶ) ಆಯ್ತು, ತುಂಬಾ ಖುಷಿ ಆಗಿದೆ!

ಇಡೀ ಕೇರಿ ಪರವಾಗಿ ಹಾಕಿರೋ ದಾವೆ ಆದ್ರೆ ಸಿಪಿಸಿ (ಸಿವಿಲ್ ಪ್ರಕ್ರಿಯಾ ಸಂಹಿತೆ) ಆರ್ಡರ್ 23 ರೂಲ್ 3ಬಿ ಪ್ರಕಾರ ಮೊದ್ಲು ಕೋರ್ಟ್ ಅನುಮತಿ ಬೇಕು ಅಂತ ಆಗ ಒಬ್ರು ಹೇಳಿದ್ರು, ಅದೇ ಸರಿಯಾಗಿತ್ತು, ಅನುಮತಿ ಇಲ್ಲದ ರಾಜಿ ಊರ್ಜಿತನೇ ಅಲ್ವಂತೆ. ಅರ್ಜಿ ಹಾಕಿದ್ವಿ, ಸಂಬಂಧಪಟ್ಟೋರಿಗೆಲ್ಲ ನೋಟಿಸ್ ಹೋಯ್ತು, ಗುಡಿ ಮುಂದೆ ಷರತ್ತೆಲ್ಲ ಓದಿ ಹೇಳಿದ್ವಿ, ಯಾರೂ ತಕರಾರು ಎತ್ತಲಿಲ್ಲ. ಸ್ಟ್ಯಾಂಪ್ ಪೇಪರಲ್ಲಿ ಬರ್ಕೊಂಡು ಕೇಸ್ ವಾಪಸ್ ತಗೊಳ್ಳಿ ಅಂತ ಇನ್ನೊಂದು ಸಲಹೆ ಬಂದಿತ್ತು, ಅದು ನಮಗೆ ಸರಿಹೋಗ್ಲಿಲ್ಲ, ನಾಳೆ ಯಾರಾದ್ರೂ ತಪ್ಪಿದ್ರೆ ಅದನ್ನ ಡಿಕ್ರಿ ಥರ ಜಾರಿ ಮಾಡ್ಸೋಕಾಗಲ್ಲ.

ನಂಗೆ ಗೊತ್ತೇ ಇಲ್ದಿದ್ದು ಏನಂದ್ರೆ, ಗುಡಿ ಜಮೀನು ದೇವರದ್ದು, ಕಾನೂನಲ್ಲಿ ದೇವರೂ ಒಬ್ಬ ವ್ಯಕ್ತಿ ಇದ್ದಂಗೆ, ಹಾಗಾಗಿ ಆ ಜಮೀನನ್ನ ಎರಡು ಕೇರಿಯೋರು ಹಂಚ್ಕೊಳ್ಳೋ ಷರತ್ತು ಪೂರ್ತಿ ತೆಗೀಬೇಕಾಯ್ತು, ತೆಗ್ದಿದ್ದೇ ಒಳ್ಳೇದಾಯ್ತು. ಮತ್ತೆ ಒಪ್ಪಿಗೆ ಡಿಕ್ರಿ ಮೇಲೆ ಸಾಮಾನ್ಯವಾಗಿ ಅಪೀಲಿಲ್ಲ, ಸಿಪಿಸಿ ಸೆಕ್ಷನ್ 96(3) ಪ್ರಕಾರ, ಅದಕ್ಕೆ ಸಹಿಗೆ ಮುಂಚೆ ಎರಡೆರಡು ಸಲ ಓದಿ.

ಈ ವರ್ಷ ಮೊದಲ ಪೂಜೆ ಆ ಕೇರಿಯೋರ್ದು, ಮುಂದಿನ ವರ್ಷ ನಮ್ಮ ಕೇರಿದು.