ನ್ಯಾಯಾಧೀಶರ ನಡತೆಯ ಮೇಲೆ ಹೈಕೋರ್ಟ್ ವಿಚಾರಣೆ: ನಮ್ಮ ತೀರ್ಪು ಏನಾಗುತ್ತದೆ?

ಪ್ರಶ್ನೆ (ನಮ್ಮ ಗುಂಪಿನ ಸದಸ್ಯರು, ಕೇರಳದ ಕಾಸರಗೋಡು ಜಿಲ್ಲೆಯ ಬದಿಯಡ್ಕದವರು): ಮಾನ್ಯ ವಕೀಲರೇ, ನಮಸ್ಕಾರ. ನಮ್ಮ ಅಡಿಕೆ ತೋಟಕ್ಕೆ ಸುರಂಗದಿಂದ (ನೀರಿಗಾಗಿ ಗುಡ್ಡಕ್ಕೆ ಅಡ್ಡಲಾಗಿ ಕೊರೆದದ್ದು) ಬರುವ ನೀರಿನ ಹಕ್ಕಿಗಾಗಿ ದೊಡ್ಡಪ್ಪ ಮುನ್ಸಿಫ್ ನ್ಯಾಯಾಲಯದಲ್ಲಿ ದಾವೆ ಹೂಡಿದ್ದರು. ತೀರ್ಪಿನ ದಿನ ದಾವೆ ಡಿಕ್ರಿಯಾಗಿದೆ, ಅಂದರೆ ನಮ್ಮ ಪರವಾಗಿದೆ, ಎಂದು ನ್ಯಾಯಾಧೀಶರು ಓದಿದ್ದನ್ನು ನಾನೂ ಕೇಳಿದ್ದೇನೆ. ನಮ್ಮ ವಕೀಲರು ಅಲ್ಲೇ ಡೈರಿಯಲ್ಲಿ ಬರೆದುಕೊಂಡಿದ್ದಾರೆ. ಮೂರು ವಾರದ ಬಳಿಕ ಕೈಗೆ ಬಂದ ದೃಢೀಕೃತ ನಕಲಿನಲ್ಲಿ ದಾವೆ ವಜಾ ಎಂದಿತ್ತು. ದೊಡ್ಡಪ್ಪನ ದೂರಿನ ಮೇಲೆ ಹೈಕೋರ್ಟ್ ಈಗ ವಿಚಾರಣೆಗೆ ಆದೇಶಿಸಿದ್ದು, ಹೇಳಿಕೆ ಕೊಡಲು ನನಗೂ ನೋಟಿಸು ಬಂದಿದೆ. ಆ ತೀರ್ಪು ಇನ್ನು ತಾನಾಗಿಯೇ ರದ್ದಾಗುತ್ತದೆಯೇ? ನನಗೆ ಮಲಯಾಳ ಓದಲು ಬಾರದು. ಕನ್ನಡದಲ್ಲಿ ಹೇಳಿಕೆ ಕೊಡಬಹುದೇ?

ಉತ್ತರ: ರದ್ದಾಗುವುದಿಲ್ಲ. ಮೊದಲು ಇದನ್ನು ದೊಡ್ಡಪ್ಪನವರಿಗೆ ತಿಳಿಸಿ. ವಿಚಾರಣೆ ನಡೆಯುವುದು ನ್ಯಾಯಾಧೀಶರ ನಡತೆಯ ಬಗ್ಗೆ. ತೀರ್ಪನ್ನು ಬದಲಿಸಲು ಜಿಲ್ಲಾ ನ್ಯಾಯಾಲಯಕ್ಕೆ ಮೇಲ್ಮನವಿಯನ್ನೇ ಸಲ್ಲಿಸಬೇಕು. ಅದಕ್ಕಿರುವ ಅವಧಿ 30 ದಿನ, ನಕಲು ಪಡೆಯಲು ತಗಲಿದ ದಿನಗಳನ್ನು ಅದರಲ್ಲಿ ಲೆಕ್ಕಕ್ಕೆ ಹಿಡಿಯುವುದಿಲ್ಲ. ವಿಚಾರಣೆ ಮುಗಿಯಲಿ ಎಂದು ಕಾದು ಅವಧಿ ಮೀರಿಸಿಕೊಂಡವರನ್ನು ಕಂಡು ಸಂಕಟಪಟ್ಟಿದ್ದೇನೆ. ಈಗಾಗಲೇ ಮೀರಿದ್ದರೆ, ವಿಳಂಬ ಮನ್ನಾ ಕೋರಿ ಅರ್ಜಿಯನ್ನೂ ಜೊತೆಗೆ ಹಾಕಿಸಿ.

ಇನ್ನು ದೂರಿನ ವಿಷಯ. ತಪ್ಪು ತೀರ್ಪು ಕೊಟ್ಟ ಮಾತ್ರಕ್ಕೆ ನ್ಯಾಯಾಧೀಶರ ಮೇಲೆ ಶಿಸ್ತುಕ್ರಮ ಸಲ್ಲದೆಂದು ಸುಪ್ರೀಂ ಕೋರ್ಟ್ 2019ರಲ್ಲಿ ಸ್ಪಷ್ಟಪಡಿಸಿದೆ, ಅದು ಸರಿಯಾದ ನಿಲುವು ಕೂಡ. ಆದರೆ ನೀವು ಹೇಳುತ್ತಿರುವುದು ಬೇರೆಯೇ ಸಂಗತಿ. ಸಿವಿಲ್ ಪ್ರಕ್ರಿಯಾ ಸಂಹಿತೆಯ 20ನೆಯ ಆದೇಶದ 3ನೆಯ ನಿಯಮದಂತೆ, ತೀರ್ಪನ್ನು ಓದಿ ಹೇಳುವಾಗಲೇ ತೆರೆದ ನ್ಯಾಯಾಲಯದಲ್ಲಿ ದಿನಾಂಕ ಹಾಕಿ ಸಹಿ ಮಾಡಬೇಕು. ಆಮೇಲೆ ಬರವಣಿಗೆಯ ಅಥವಾ ಲೆಕ್ಕದ ದೋಷವನ್ನು ತಿದ್ದಲು, ಇಲ್ಲವೇ ಪುನರ್ವಿಮರ್ಶೆಯ ಮೂಲಕ ಹೊರತು, ಅದನ್ನು ಮುಟ್ಟುವಂತಿಲ್ಲ. ಡಿಕ್ರಿ ಎಂದು ಓದಿದ್ದು ನಕಲಿನಲ್ಲಿ ವಜಾ ಎಂದಾಗುವುದು ಬರವಣಿಗೆಯ ದೋಷವಲ್ಲ. ಆದ್ದರಿಂದ ವಕೀಲರ ಡೈರಿಯ ಆ ಪುಟವನ್ನು ಜೋಪಾನವಾಗಿಡಿ. ನ್ಯಾಯಾಲಯದ ಅಂದಿನ ದಿನಚರಿಯನ್ನು ತರಿಸಿ ನೋಡುವಂತೆ ವಿಚಾರಣಾಧಿಕಾರಿಯನ್ನು ಲಿಖಿತವಾಗಿ ಕೋರಿ.

ಸಂವಿಧಾನದ 235ನೆಯ ವಿಧಿಯಂತೆ ಕೆಳಗಿನ ನ್ಯಾಯಾಲಯಗಳ ಹತೋಟಿ ಹೈಕೋರ್ಟಿನದು. ಹಾಗಾಗಿ, ಒಂದು ಪ್ರಕರಣದಲ್ಲಿ ಇಂಥ ವಿಚಾರಣೆಯನ್ನು ಸರ್ಕಾರದ ವಿಜಿಲೆನ್ಸ್ (ಜಾಗೃತ ದಳ) ಅಧಿಕಾರಿಗೆ ಒಪ್ಪಿಸಿದ್ದು ಸರಿಯಲ್ಲವೆಂದು 1974ರಲ್ಲೇ ಸುಪ್ರೀಂ ಕೋರ್ಟಿನ ಏಳು ನ್ಯಾಯಮೂರ್ತಿಗಳ ಪೀಠ ಹೇಳಿದೆ.

ಹೇಳಿಕೆಯನ್ನು ಕನ್ನಡದಲ್ಲೇ ಕೊಡಿ. ಭಾಷಾಂತರಕಾರರು ಬೇಕೆಂದು ಮುಂಚಿತವಾಗಿ ಬರೆದು ತಿಳಿಸಿ. ದಾಖಲಾದದ್ದನ್ನು ಕನ್ನಡದಲ್ಲಿ ಓದಿಸಿ ಕೇಳದೆ ಸಹಿ ಹಾಕಬೇಡಿ: ನೀವು ಸುರಂಗ ಎಂದದ್ದು ಅಲ್ಲಿ ಬಾವಿ ಎಂದಾದರೆ ನಾಳೆ ಮೇಲ್ಮನವಿಯಲ್ಲಿ ಎದುರು ಪಕ್ಷದವರು ಅದನ್ನೇ ಹಿಡಿಯುತ್ತಾರೆ.

ಮರುಪ್ರಶ್ನೆ: ಧನ್ಯವಾದಗಳು ಸರ್. ಮೇಲ್ಮನವಿಗೆ ಇನ್ನೂ ಒಂಬತ್ತು ದಿನಗಳಿವೆ. ನ್ಯಾಯಾಧೀಶರ ಹೆಸರನ್ನು ಈ ಗುಂಪಿನಲ್ಲಿ ಹಾಕಿದರೆ ನ್ಯಾಯಾಂಗ ನಿಂದನೆಯಾಗುತ್ತದೆಯೇ?

ಉತ್ತರ: ದಯವಿಟ್ಟು ಹಾಕಬೇಡಿ. 1971ರ ನ್ಯಾಯಾಂಗ ನಿಂದನೆ ಕಾಯ್ದೆಯ 6ನೆಯ ಕಲಮು, ಕೆಳಗಿನ ನ್ಯಾಯಾಧೀಶರ ಬಗ್ಗೆ ಸದ್ಭಾವನೆಯಿಂದ ಹೈಕೋರ್ಟಿಗೋ ಇನ್ನೊಂದು ಅಧೀನ ನ್ಯಾಯಾಲಯಕ್ಕೋ ಹೇಳಿದ ಮಾತಿಗೆ ರಕ್ಷಣೆ ಕೊಡುತ್ತದೆ; ಗುಂಪಿನಲ್ಲಿ ಬರೆದದ್ದಕ್ಕೆ ಆ ರಕ್ಷಣೆಯಿಲ್ಲ. ಆರೋಪ ಇನ್ನೂ ಸಾಬೀತಾಗಿಲ್ಲ, ಅವರ ಮಾತನ್ನೂ ಕೇಳಬೇಕಾಗಿದೆ. ಒಂಬತ್ತು ದಿನ ಹೆಚ್ಚೇನಲ್ಲ. ನಕಲನ್ನೂ ಡೈರಿಯ ಪುಟವನ್ನೂ ಹಿಡಿದುಕೊಂಡು ನಾಳೆಯೇ ನಿಮ್ಮ ವಕೀಲರನ್ನು ಕಾಣಿರಿ.